ಹನೋಯ್‌ನ ಬೀದಿಯೂಟ: ಮೊದಲ ದಿನವೇ ಗೈಡ್ ಹಿಡಿಯಿರಿ

ಹನೋಯ್ ಗಂಟೆ ನೋಡಿಕೊಂಡು ಉಣ್ಣುವ ಊರು. ಬೆಳಗ್ಗೆ ಆರಕ್ಕೆ ಫೊ ಎಂಬ ಶಾವಿಗೆ ಸಾರಿನ ಹಬೆಯಲ್ಲಿ ಮುಳುಗಿದ್ದ ಅಂಗಡಿ ಹತ್ತೂವರೆ ಹೊತ್ತಿಗೆ ಪಾತ್ರೆ ಬೆಳಗಿಟ್ಟು ಬಾಗಿಲು ಎಳೆದಿರುತ್ತದೆ. ಹನ್ನೊಂದಕ್ಕೆ ಅದೇ ಬೀದಿಯ ಇನ್ನೊಂದು ತುದಿಯಲ್ಲಿ ಇದ್ದಿಲೊಲೆಗೆ ಗಾಳಿ ಹಾಕತೊಡಗುತ್ತಾರೆ; ಸುಟ್ಟ ಹಂದಿಮಾಂಸ ಮತ್ತು ಅಕ್ಕಿ ಶಾವಿಗೆಯ ಬುನ್ ಚಾ ಶುರುವಾಗುತ್ತದೆ. ಎರಡು ಗಂಟೆಯ ಮೇಲೆ ಹೋದರೆ ಎಷ್ಟೋ ಕಡೆ ಆ ಒಲೆಯೂ ಆರಿರುತ್ತದೆ. ಆಮೇಲೆ ಸಿಹಿಯ ಹೊತ್ತು. ಸಂಜೆಯಾದರೆ ಬಿಯರ್, ಕರಿದದ್ದು, ಸುಟ್ಟದ್ದು. ಬಹಳಷ್ಟು ಅಂಗಡಿಗಳಲ್ಲಿ ಮೆನು ಕಾರ್ಡ್ ಇರುವುದಿಲ್ಲ. ಅಲ್ಲಿ ಮಾಡುವುದೇ ಒಂದು ತಿನಿಸು. ಅದರ ಹೆಸರು, ಜೊತೆಗೆ ಮನೆ ನಂಬರು ಅಥವಾ ಬೀದಿಯ ಹೆಸರು ಬರೆದರೆ ಬೋರ್ಡು ಮುಗಿಯಿತು.

ವಿಯೆಟ್ನಾಂ ರಾಜಧಾನಿಯ ಹಳೇ ಪೇಟೆ ನಡೆದೇ ಮುಗಿಸಬಹುದಾದಷ್ಟು ಚಿಕ್ಕದು, ದಾರಿಗೆ ಫೋನಿನ ನಕ್ಷೆ ಸಾಕು. ಆದರೆ ಯಾವ ಹೊತ್ತಿಗೆ ಯಾವ ಸ್ಟೂಲಿನ ಮೇಲೆ ಕೂರಬೇಕು, ತಟ್ಟೆಯಲ್ಲಿಟ್ಟ ನಾಲ್ಕು ಬಗೆಯ ಸೊಪ್ಪಿನಲ್ಲಿ ಯಾವುದನ್ನು ಹರಿದು ಬಟ್ಟಲಿಗೆ ಹಾಕಬೇಕು, ಎದುರಿನ ಪುಟ್ಟ ಬಟ್ಟಲಲ್ಲಿರುವ ಕಂದು ನೀರು ಏನು ಎಂಬುದನ್ನು ನಕ್ಷೆ ಹೇಳುವುದಿಲ್ಲ. ಹಾಗಾಗಿ ನನ್ನ ಸಲಹೆ ಇಷ್ಟು: ಗೈಡ್ ಜೊತೆಗಿನ ತಿಂಡಿ ನಡಿಗೆಯನ್ನು ಊರು ಮುಟ್ಟಿದ ಮೊದಲ ದಿನವೇ ಇಟ್ಟುಕೊಳ್ಳಿ. ಹೆಚ್ಚಿನವರು ಅದನ್ನು ಕೊನೆಯ ಸಂಜೆಯ ಮೋಜಿಗೆಂದು ಎತ್ತಿಡುತ್ತಾರೆ. ಮೂರು ದಿನ ಹೋಟೆಲಿನ ಟೋಸ್ಟ್ ತಿಂದು, ವಿಮಾನ ಹತ್ತುವ ಹಿಂದಿನ ರಾತ್ರಿ ಬೀದಿಯ ರುಚಿ ಕಂಡುಕೊಂಡರೆ ಏನು ಬಂತು?

ಬೆಳಗಿನದೋ ಸಂಜೆಯದೋ

ಕಾಲ್ನಡಿಗೆಯ ಪ್ರವಾಸಗಳು ಸಾಮಾನ್ಯವಾಗಿ ಮೂರು ಗಂಟೆಯವು. ಬೆಳಗ್ಗೆ ಒಂಬತ್ತರ ಸುಮಾರಿಗೆ ಒಂದು, ಸಂಜೆ ಐದೂವರೆ–ಆರಕ್ಕೆ ಇನ್ನೊಂದು. ತಿನಿಸೆಲ್ಲ ಸೇರಿ ತಲೆಗೆ 20ರಿಂದ 35 ಡಾಲರ್ ಆಸುಪಾಸು. ಸಂಜೆಯದಕ್ಕೇ ಜನ ಮುಗಿಬೀಳುತ್ತಾರೆ. ದೀಪ, ಗಲಾಟೆ, ತಾ ಹಿಯೆನ್ ಬೀದಿಯ ತಾಜಾ ಬಿಯರ್ 'ಬಿಯಾ ಹೊಯಿ' ಎಲ್ಲ ಸಿಗುತ್ತದೆ. ನಾನು ಬೆಳಗಿನದರ ಪಕ್ಷ. ಮಾರುಕಟ್ಟೆ ಜೀವಂತವಾಗಿರುವುದು ಆಗ, ಹಬೆಯಲ್ಲಿ ಬೇಯಿಸಿದ ತಿಂಡಿಗಳು ಸಿಗುವುದು ಆಗ, ಬಿಸಿಲೂ ಅಷ್ಟಿರುವುದಿಲ್ಲ. ಸಸ್ಯಾಹಾರಿಗಳಿಗಂತೂ ಬೆಳಗಿನ ಬೀದಿ ಸಂಜೆಯದಕ್ಕಿಂತ ಎಷ್ಟೋ ವಾಸಿ.

ಬುಕ್ ಮಾಡುವ ಮುನ್ನ ಮೂರು ವಿಷಯ ಕೇಳಿ. ಗುಂಪಿನಲ್ಲಿ ಎಷ್ಟು ಜನ? ಎಂಟು ದಾಟಿದರೆ ಬೇಡ, ಅಷ್ಟು ಜನಕ್ಕೆ ಫುಟ್‌ಪಾತಿನಲ್ಲಿ ಸ್ಟೂಲು ಸಿಗುವುದಿಲ್ಲ, ಗೈಡ್ ನಿಮ್ಮನ್ನು ಟೂರಿಸ್ಟ್ ಹೋಟೆಲಿಗೇ ಕರೆದೊಯ್ಯುತ್ತಾನೆ. ಒಟ್ಟು ಎಷ್ಟು ಕಡೆ ಕೂರಿಸುತ್ತೀರಿ? ಆರೇಳು ನಿಲುಗಡೆ ಸರಿ. ಹತ್ತು ಎಂದರೆ ಪ್ರತಿಯೊಂದರಲ್ಲೂ ಒಂದು ತುತ್ತು, ಒಂದು ಫೋಟೋ ಅಷ್ಟೆ. ಮೂರನೆಯದು ಆಹಾರದ ಕಟ್ಟುಪಾಡು. ಅದರ ಬಗ್ಗೆ ಮುಂದೆ ವಿವರವಾಗಿ ಹೇಳುತ್ತೇನೆ, ಏಕೆಂದರೆ ನಮ್ಮ ಕಡೆಯಿಂದ ಹೋದವರು ಮುಗ್ಗರಿಸುವುದು ಅಲ್ಲೇ.

ದುಡ್ಡು ಕೊಡದೆಯೂ ಗೈಡ್ ಸಿಗುತ್ತಾರೆ. 'ಹನೋಯ್‌ಕಿಡ್ಸ್' ಎಂಬ ವಿದ್ಯಾರ್ಥಿಗಳ ಸ್ವಯಂಸೇವಾ ಬಳಗವಿದೆ. ಇಂಗ್ಲಿಷ್ ರೂಢಿ ಮಾಡಿಕೊಳ್ಳಲು ಕಾಲೇಜು ಹುಡುಗ ಹುಡುಗಿಯರು ಪ್ರವಾಸಿಗರನ್ನು ಊರು ಸುತ್ತಿಸುತ್ತಾರೆ. ಪ್ರವೇಶ ದರ, ಊಟ, ಓಡಾಟದ ಖರ್ಚು ನಿಮ್ಮದು. ಬೇಡಿಕೆ ಜಾಸ್ತಿ, ಆದ್ದರಿಂದ ಕೆಲವು ವಾರ ಮೊದಲೇ ಕೇಳಿಕೊಳ್ಳಬೇಕು. ಅವರಿಗೆ ಚರಿತ್ರೆಯ ಇಸವಿಗಳು ಅಷ್ಟಾಗಿ ಗೊತ್ತಿರಲಿಕ್ಕಿಲ್ಲ, ಆದರೆ ತಾವು ದಿನಾ ತಿನ್ನುವ ಅಂಗಡಿಗೇ ಕರೆದೊಯ್ಯುತ್ತಾರೆ. ಬೈಕಿನ ಹಿಂದೆ ಕೂರಿಸಿಕೊಂಡು ಸುತ್ತಿಸುವ ಪ್ರವಾಸಗಳೂ ಇವೆ. ಹೆಲ್ಮೆಟ್ ಕೊಡುತ್ತಾರೆ. ಆದರೆ ನಿಮ್ಮ ಪ್ರವಾಸ ವಿಮೆಯಲ್ಲಿ ದ್ವಿಚಕ್ರ ವಾಹನ ಸೇರಿದೆಯೇ ಎಂದು ಮನೆಯಲ್ಲೇ ನೋಡಿಕೊಳ್ಳಿ. ಹಳೇ ಪೇಟೆಯ ಮಟ್ಟಿಗೆ ಬೈಕು ಅನಗತ್ಯ.

ಕೆರೆಯಿಂದ ಸೇತುವೆಯವರೆಗೆ

ಬಹುತೇಕ ನಡಿಗೆಗಳು ಹೋವಾನ್ ಕಿಯೆಂ ಕೆರೆಯ ದಡದಿಂದ ಹೊರಡುತ್ತವೆ. 15ನೇ ಶತಮಾನದಲ್ಲಿ ಚೀನಾದ ಮಿಂಗ್ ಸೇನೆಯನ್ನು ಓಡಿಸಿ ರಾಜನಾದ ಲೆ ಲೊಯಿ ತನಗೆ ಸಿಕ್ಕಿದ್ದ ದೈವೀ ಖಡ್ಗವನ್ನು ಈ ಕೆರೆಯ ಆಮೆಗೆ ಹಿಂದಿರುಗಿಸಿದ ಎಂಬುದು ಐತಿಹ್ಯ. ಕತೆಯ ಆಮೆ ಇರಲಿ, ನಿಜದ ಆಮೆಯೊಂದು 2016ರ ಜನವರಿಯವರೆಗೂ ಈ ನೀರಲ್ಲಿ ಬದುಕಿತ್ತು; ಜಗತ್ತಿನಲ್ಲೇ ಬೆರಳೆಣಿಕೆಯಷ್ಟು ಉಳಿದಿದ್ದ ದೈತ್ಯ ಮೃದುಚಿಪ್ಪಿನ ಜಾತಿಯದು. ಕೆಂಪು ಮರದ ಸೇತುವೆ ದಾಟಿ ನೋಕ್ ಸೊನ್ ಗುಡಿಗೆ ಹೋದರೆ ಗಾಜಿನ ಪೆಟ್ಟಿಗೆಯಲ್ಲಿ ಕೆಡದಂತೆ ಇಟ್ಟಿರುವ ದೈತ್ಯ ಆಮೆಗಳನ್ನು ನೋಡಬಹುದು. ಶುಕ್ರವಾರ ಸಂಜೆಯಿಂದ ಭಾನುವಾರ ರಾತ್ರಿವರೆಗೆ ಕೆರೆ ಸುತ್ತಲಿನ ರಸ್ತೆಗಳಿಗೆ ವಾಹನ ಬಿಡುವುದಿಲ್ಲ. ಮಕ್ಕಳು ಜೊತೆಗಿದ್ದರೆ ವಾರಾಂತ್ಯವನ್ನೇ ಆರಿಸಿ.

ಕೆರೆಯ ಉತ್ತರಕ್ಕೆ ಹಳೇ ಪೇಟೆ, 36 ಬೀದಿಗಳ ಪೇಟೆ ಎಂದೇ ಹೆಸರು. ನಮ್ಮ ಬೆಂಗಳೂರಿನ ಅಕ್ಕಿಪೇಟೆ, ಅರಳೆಪೇಟೆ, ಬಳೆಪೇಟೆಗಳ ಹಾಗೆ ಇಲ್ಲೂ ಬೀದಿಗೊಂದು ಕಸುಬು. ಹಾಂಗ್ ಬಾಕ್ ಬೆಳ್ಳಿಯದು, ಹಾಂಗ್ ಥಿಯೆಕ್ ತಗಡಿನದು. ಎಷ್ಟೋ ಬೀದಿಗಳಲ್ಲಿ ಕಸುಬು ಹೋಗಿ ಹೆಸರು ಮಾತ್ರ ಉಳಿದಿದೆ. ಆದರೆ ತಗಡಿನ ಬೀದಿಯಲ್ಲಿ ಇವತ್ತಿಗೂ ಸುತ್ತಿಗೆ ಸದ್ದು ನಿಂತಿಲ್ಲ, ಲಾನ್ ಓಂಗ್ ಬೀದಿಗೆ ಕಾಲಿಟ್ಟರೆ ನಾಟಿ ಔಷಧಿಯ ಬೇರು ತೊಗಟೆಗಳ ಗಾಟು ಮೂಗಿಗೆ ಬಡಿಯುತ್ತದೆ. ಹಾಂಗ್ ಮಾದಲ್ಲಿ ಪಿತೃಗಳಿಗೆಂದು ಸುಡುವ ಕಾಗದದ ವಸ್ತುಗಳು: ನೋಟಿನ ಕಟ್ಟು, ಅಂಗಿ, ಸ್ಕೂಟರು, ಸ್ಮಾರ್ಟ್‌ಫೋನು. ಸತ್ತವರಿಗೂ ಹೊಸ ಮಾಡೆಲ್ಲೇ ಬೇಕು!

ಮನೆಗಳ ಮುಖ ಎರಡು ಮೂರು ಮೀಟರ್ ಅಗಲವಿದ್ದರೆ ಹೆಚ್ಚು, ಉದ್ದ ಮಾತ್ರ ಕೊಳವೆಯ ಹಾಗೆ ಹಿಂದಕ್ಕೆ ಹೋಗುತ್ತಲೇ ಇರುತ್ತದೆ. ಒಳಗೆ ಹೇಗಿರುತ್ತದೆ ಎಂಬ ಕುತೂಹಲವಿದ್ದರೆ ಮಾ ಮೈ ಬೀದಿಯ 87ನೇ ನಂಬರಿನ ಮನೆಯನ್ನು ಹಳೆಯ ರೂಪದಲ್ಲೇ ಉಳಿಸಿ ಸಾರ್ವಜನಿಕರಿಗೆ ತೆರೆದಿಟ್ಟಿದ್ದಾರೆ. ಅಂಗಡಿ, ಅಂಗಳ, ಅಡುಗೆಮನೆ, ದೇವರ ಪೀಠ ಒಂದರ ಹಿಂದೊಂದು.

ಬೆಳಗಿನ ನಡಿಗೆಯಾದರೆ 1889ರ ದೋಂಗ್ ಸುವಾನ್ ಮಾರುಕಟ್ಟೆ ಖಂಡಿತ ಇರುತ್ತದೆ. ಕಟ್ಟಡದ ಒಳಗಿನ ಬಟ್ಟೆ, ಚೀಲಗಳಲ್ಲಿ ವಿಶೇಷವೇನಿಲ್ಲ. 1994ರಲ್ಲಿ ಬೆಂಕಿಗೆ ಆಹುತಿಯಾಗಿ ಮತ್ತೆ ಕಟ್ಟಿದ್ದು ಅದು. ಹಿಂಬದಿಯ ಗಲ್ಲಿಯ ಸೊಪ್ಪು, ಜೀವಂತ ಏಡಿ, ಹಣ್ಣಿನ ಬುಟ್ಟಿಗಳ ನಡುವೆ ಹೊತ್ತು ಕಳೆಯಿರಿ. ಅಲ್ಲಿಂದ ಹತ್ತಿರದಲ್ಲೇ ಕೆಂಪು ನದಿಯ ಮೇಲಿನ ಲೋಂಗ್ ಬಿಯೆನ್ ಸೇತುವೆ. ಫ್ರೆಂಚರ ಕಾಲದಲ್ಲಿ, 1899ರಿಂದ 1902ರ ನಡುವೆ ಎದ್ದು ನಿಂತಿದ್ದು. ಅಮೆರಿಕದ ಬಾಂಬುಗಳಿಗೆ ಮತ್ತೆ ಮತ್ತೆ ತುಂಡಾಗಿ ಮತ್ತೆ ಮತ್ತೆ ಜೋಡಿಸಿಕೊಂಡಿದ್ದು. ನಡುವೆ ರೈಲು, ಇಬ್ಬದಿ ಬೈಕು, ಅಂಚಿನಲ್ಲಿ ನಡೆಯುವವರು. ಇದು ಐಫೆಲ್ ಕಟ್ಟಿದ ಸೇತುವೆ ಎಂದು ನಿಮ್ಮ ಗೈಡ್ ಹೇಳಿದರೆ ಅವನ ಉಳಿದ ಚರಿತ್ರೆಯನ್ನೂ ಅರ್ಧ ರಿಯಾಯಿತಿಯಲ್ಲಿ ಕೇಳಿಸಿಕೊಳ್ಳಿ. ಕಟ್ಟಿದ್ದು ಡೇಡೆ ಮತ್ತು ಪಿಲೆ ಎಂಬ ಬೇರೆ ಕಂಪನಿ.

ಇನ್‌ಸ್ಟಾಗ್ರಾಂನಿಂದ ಖ್ಯಾತವಾದ 'ರೈಲು ಬೀದಿ'ಯನ್ನು ನೆಚ್ಚಿಕೊಂಡು ಯೋಜನೆ ಮಾಡಬೇಡಿ. ಮನೆಗಳ ಹೊಸ್ತಿಲಿಗೆ ತಾಗಿಕೊಂಡೇ ರೈಲು ಹಾಯುವ ಆ ಗಲ್ಲಿಗೆ ಸುರಕ್ಷತೆಯ ಕಾರಣಕ್ಕೆ ಪೊಲೀಸರು 2019ರಿಂದ ಪದೇ ಪದೇ ಬೇಲಿ ಹಾಕುತ್ತಿದ್ದಾರೆ. 'ನಾನು ಒಳಗೆ ಬಿಡಿಸುತ್ತೇನೆ' ಎಂದು ಮುಂದೆ ಬರುವವರು ತಮ್ಮ ಕಾಫಿ ಅಂಗಡಿಯ ಗಿರಾಕಿ ಹುಡುಕುತ್ತಿರುತ್ತಾರೆ.

ಏನು ತಿನ್ನುತ್ತೀರಿ

ಮಾಂಸ ತಿನ್ನುವವರಿಗೆ ಇದು ಹಬ್ಬ. ಫೊ ದನದ ಮೂಳೆಯ ಸಾರಿನದು. ಗೋಮಾಂಸ ಬೇಡದವರು ಕೋಳಿಯ 'ಫೊ ಗಾ' ಕೇಳಬೇಕು. ಬಟ್ಟಲಿಗೆ 50ರಿಂದ 70 ಸಾವಿರ ಡೋಂಗ್ ಸುಮಾರು. ಬುನ್ ಚಾದ ಹೆಸರು 2016ರಲ್ಲಿ ಜಗತ್ತಿಗೆ ಮುಟ್ಟಿತು. ಅಮೆರಿಕದ ಅಧ್ಯಕ್ಷ ಒಬಾಮ, ಅಡುಗೆ ಬರಹಗಾರ ಆಂಥನಿ ಬೋರ್ಡೇನ್ ಜೊತೆ ಹುವೊಂಗ್ ಲಿಯೆನ್ ಎಂಬ ಅಂಗಡಿಯಲ್ಲಿ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕೂತು ತಿಂದರು. ಆ ಮೇಜನ್ನು ಈಗ ಗಾಜಿನೊಳಗೆ ಇಟ್ಟಿದ್ದಾರೆ. ಮೇಜು ನೋಡಲು ಹೋಗುವುದಿದ್ದರೆ ಹೋಗಿ, ಬುನ್ ಚಾ ತಿನ್ನಲು ಗೈಡ್ ತೋರಿಸಿದ ಯಾವ ಮೂಲೆಯಂಗಡಿಯೂ ಸಾಕು. ಮೀನು ಇಷ್ಟಪಡುವ ಕರಾವಳಿಯವರು ಚಾ ಕಾ ಬಿಡಬಾರದು: ಅರಿಸಿನ ಸವರಿದ ಮೀನನ್ನು ಮೇಜಿನ ಮೇಲಿನ ಬಾಣಲೆಯಲ್ಲೇ ಸಬ್ಬಸಿಗೆ ಸೊಪ್ಪಿನ ರಾಶಿಯಲ್ಲಿ ಬಾಡಿಸಿ, ಶಾವಿಗೆ, ಕಡಲೆಕಾಯಿಬೀಜದ ಜೊತೆ ಕೊಡುತ್ತಾರೆ. ಸಬ್ಬಸಿಗೆಯನ್ನು ಇಷ್ಟು ಧಾರಾಳವಾಗಿ ಬಳಸುವ ಊರು ನನಗೆ ಮೆಚ್ಚುಗೆಯಾಯಿತು.

ನಾಯಿ ಮಾಂಸದ ಭಯ ಅನೇಕರಿಗಿದೆ. ಬೇರೆ ಮಾಂಸದ ಹೆಸರಲ್ಲಿ ಅದನ್ನು ತಟ್ಟೆಗೆ ತಳ್ಳುವುದಿಲ್ಲ. ಅದನ್ನು ಮಾರುವ ಅಂಗಡಿಗಳೇ ಬೇರೆ, ಬೋರ್ಡಿನಲ್ಲಿ 'ಥಿತ್ ಚೊ' ಎಂದು ಬರೆದಿರುತ್ತದೆ. ಪ್ರವಾಸದ ಗೈಡ್‌ಗಳು ಅತ್ತ ಸುಳಿಯುವುದೂ ಇಲ್ಲ.

ಈಗ ಸಸ್ಯಾಹಾರಿಗಳ ಮಾತು. 'ನಾನು ವೆಜಿಟೇರಿಯನ್' ಎಂದರೆ ಸಾಲದು. ಕೇಳಿದವರು ಮಾಂಸದ ತುಂಡುಗಳನ್ನು ಪಕ್ಕಕ್ಕೆ ತೆಗೆದು ಅದೇ ಸಾರು ಬಡಿಸುತ್ತಾರೆ, ಅವರ ಲೆಕ್ಕದಲ್ಲಿ ಅದು ನಿಮಗೆ ಮಾಡಿದ ಉಪಕಾರ. ಎಲ್ಲಕ್ಕಿಂತ ದೊಡ್ಡ ತೊಡಕು ಮೀನಿನ ಸಾಸ್, 'ನೂಕ್ ಮಾಮ್'. ಸಣ್ಣ ಮೀನನ್ನು ಉಪ್ಪಿನಲ್ಲಿ ತಿಂಗಳುಗಟ್ಟಲೆ ಹುಳಿ ಬರಿಸಿ ಇಳಿಸಿದ ಕಂದು ರಸ ಅದು. ಸೊಪ್ಪು ಹುರಿದರೂ ಅದು, ಸಲಾಡ್ ಕಲಸಿದರೂ ಅದು, ಅದ್ದಿಕೊಳ್ಳಲು ಕೊಡುವುದೂ ಅದೇ. ಅದರ ಜೊತೆಗೆ ಹಂದಿಯ ಕೊಬ್ಬು, ಸಿಗಡಿಯ ಗೊಜ್ಜು 'ಮಾಮ್ ತೊಮ್'. ಆದ್ದರಿಂದ ಬುಕ್ ಮಾಡುವಾಗಲೇ ಬರಹದಲ್ಲಿ ತಿಳಿಸಿ: ಮಾಂಸ, ಮೀನು, ಮೂಳೆಯ ಸಾರು, ಮೀನಿನ ಸಾಸ್, ಪ್ರಾಣಿ ಕೊಬ್ಬು ಬೇಡ, ಮೊಟ್ಟೆ ಪರವಾಗಿಲ್ಲ ಅಥವಾ ಬೇಡ. 'ಓಕೆ, ನೋ ಪ್ರಾಬ್ಲಮ್' ಎಂದಷ್ಟೇ ಉತ್ತರ ಬಂದರೆ ಬೇರೆಯವರನ್ನು ಹುಡುಕಿ. ಯಾವ ನಿಲುಗಡೆಯಲ್ಲಿ ಬದಲಿಗೆ ಏನು ಕೊಡುತ್ತೇವೆ ಎಂದು ಬರೆದು ತಿಳಿಸುವವರೇ ನಿಮಗೆ ಬೇಕಾದವರು.

ಇಲ್ಲಿ ನೆರವಿಗೆ ಬರುವುದು 'ಚಾಯ್' ಎಂಬ ಮಾತು. ಚಹಾ ಅಲ್ಲ, ಬೌದ್ಧ ರೀತಿಯ ಸಸ್ಯಾಹಾರ. 'ತೊಯಿ ಆನ್ ಚಾಯ್' ಎಂದರೆ ನಾನು ಸಸ್ಯಾಹಾರಿ ಎಂದು ಅವರಿಗೆ ಸ್ಪಷ್ಟವಾಗಿ ತಿಳಿಯುತ್ತದೆ. 'ಕೊಮ್ ಚಾಯ್' ಎಂಬ ಬೋರ್ಡಿದ್ದರೆ ಅದು ಪೂರ್ತಿ ಸಸ್ಯಾಹಾರದ ಊಟದ ಮನೆ. ಹಾಲು ಮೊಟ್ಟೆಯೂ ಸಾಮಾನ್ಯವಾಗಿ ಇರುವುದಿಲ್ಲ. ಕಟ್ಟುನಿಟ್ಟಿನ ಅಡುಗೆಯಲ್ಲಿ ಈರುಳ್ಳಿ ಬೆಳ್ಳುಳ್ಳಿಯೂ ಇಲ್ಲ. ತಟ್ಟೆಯಲ್ಲಿ ಮೀನಿನ, ಕೋಳಿಯ ಆಕಾರ ಕಂಡು ಗಾಬರಿಯಾಗಬೇಡಿ, ಅದು ಸೋಯಾ ಅಥವಾ ಗೋಧಿಯ ಅಂಟಿನಿಂದ ಮಾಡಿದ್ದು. ಚಾಂದ್ರಮಾನ ತಿಂಗಳ ಮೊದಲ ದಿನ ಮತ್ತು ಹದಿನೈದನೆಯ ದಿನ, ಅಂದರೆ ನಮ್ಮ ಅಮಾವಾಸ್ಯೆ ಹುಣ್ಣಿಮೆಗಳ ಹೊತ್ತಿಗೆ, ಅಲ್ಲಿನ ಎಷ್ಟೋ ಜನ ಮಾಂಸ ಬಿಡುತ್ತಾರೆ. ಆ ದಿನಗಳಲ್ಲಿ ಮಾಮೂಲಿ ಅಂಗಡಿಗಳಲ್ಲೂ ಚಾಯ್ ತಿನಿಸು ಕಾಣಿಸಿಕೊಳ್ಳುತ್ತದೆ. ಟಿಕೆಟ್ ಬುಕ್ ಮಾಡುವಾಗ ಮನೆಯ ಪಂಚಾಂಗವನ್ನೊಮ್ಮೆ ತಿರುವಿಹಾಕುವುದು ಒಳ್ಳೆಯದು.

ಬೀದಿಯಲ್ಲೇ ಸಿಗುವುದು ಯಾವುದು? ಬೆಳಗ್ಗೆ 'ಸೊಯ್', ಅಂಟಕ್ಕಿಯನ್ನು ಹಬೆಯಲ್ಲಿ ಬೇಯಿಸಿದ್ದು. ಕಡಲೆಕಾಯಿಬೀಜ ಹಾಕಿದ್ದು, ಕಪ್ಪು ಕಾಳು ಹಾಕಿದ್ದು ನಿಶ್ಚಿಂತೆಯಿಂದ ತಿನ್ನಬಹುದು. ಹೆಸರುಬೇಳೆ ಮತ್ತು ಅರಿಸಿನದ ಹಳದಿ 'ಸೊಯ್ ಸೆಯೊ' ಎಲ್ಲಕ್ಕಿಂತ ರುಚಿ, ಆದರೆ ಮೇಲೆ ಕೊಬ್ಬು ಸುರಿಯುವುದುಂಟು, 'ಖೊಂಗ್ ಮೊ' ಎಂದು ಮೊದಲೇ ತಡೆಯಬೇಕು. ಬಾನ್ ಕುವೊನ್ ಎಂಬ ತೆಳ್ಳನೆಯ ಅಕ್ಕಿ ಹಾಳೆಯನ್ನು ಕುದಿಯುವ ಪಾತ್ರೆಯ ಬಾಯಿಗೆ ಬಿಗಿದ ಬಟ್ಟೆಯ ಮೇಲೆ ಹೊಯ್ದು, ಬಿದಿರ ಕಡ್ಡಿಯಲ್ಲಿ ಎತ್ತುತ್ತಾರೆ. ನೋಡುತ್ತಾ ನಿಲ್ಲುವಂಥ ಕೈಚಳಕ. ಹೂರಣವಿಲ್ಲದ್ದನ್ನು ಕೇಳಿ, ಮೀನಿನ ಸಾಸಿನ ಬದಲು ಸೋಯಾ ಸಾಸ್ ಹಾಕಿಸಿಕೊಳ್ಳಿ. ಮೊಟ್ಟೆ ತಿನ್ನುವವರಿಗೆ ಬಾನ್ ಮೀ ಚುಂಗ್, ಗರಿಗರಿ ಬ್ರೆಡ್ಡಿನೊಳಗೆ ಆಮ್ಲೆಟ್. ಮಧ್ಯಾಹ್ನ ಕರಿದ ತೋಫು ಮತ್ತು ಶಾವಿಗೆಯ 'ಬುನ್ ದೌ'. ಸಿಗಡಿ ಗೊಜ್ಜನ್ನು ದೂರ ಸರಿಸಿ ಸೋಯಾ ಸಾಸ್ ಕೇಳಬಹುದು, ಆದರೆ ಕರಿದ ಎಣ್ಣೆ ಬೇರೆಯದು ಎಂಬ ಭರವಸೆ ಯಾರೂ ಕೊಡುವುದಿಲ್ಲ. ಮಡಿವಂತರು ಅದನ್ನು ಬಿಟ್ಟು 'ಚೆ'ಗೆ ಹೋಗಲಿ. ಹೆಸರುಬೇಳೆ, ತಾವರೆ ಬೀಜ, ತೆಂಗಿನ ಹಾಲಿನ ಈ ಸಿಹಿಗೆ ಯಾವ ತಕರಾರೂ ಇಲ್ಲ. ಶರತ್ಕಾಲದಲ್ಲಿ ಹೋದವರಿಗೆ ತಾವರೆ ಎಲೆಯಲ್ಲಿ ಕಟ್ಟಿದ ಹಸಿರು ಎಳೆ ಅಕ್ಕಿ 'ಕೊಮ್' ಸಿಗುತ್ತದೆ. ಬೇರೆ ಕಾಲದಲ್ಲಿ ಅದೇ ರುಚಿಗೆ 1958ರಿಂದಿರುವ ಚಾಂಗ್ ತಿಯೆನ್ ಐಸ್‌ಕ್ರೀಂ ಅಂಗಡಿ ಇದೆ, ಕೆರೆಯ ಪಕ್ಕದಲ್ಲೇ.

ಕಾಫಿ, ಮೆಣಸು ಮತ್ತು ಕೊಡಗು

ಕೊಡಗು, ಚಿಕ್ಕಮಗಳೂರಿನ ಬೆಳೆಗಾರರಿಗೆ ವಿಯೆಟ್ನಾಂ ಹೊಸ ಹೆಸರಲ್ಲ. ಕರಿಮೆಣಸಿನ ದರ ಬಿದ್ದಾಗಲೆಲ್ಲ ಅವರು ಬೈಯುವ ದೇಶ ಅದು. ಕಾಫಿಯಲ್ಲಿ ಬ್ರೆಜಿಲ್ ನಂತರ ಅದೇ, ರೊಬಸ್ಟಾದಲ್ಲಂತೂ ಜಗತ್ತಿಗೇ ಮೊದಲು. ಭಾರತದ ಕಾಫಿಯಲ್ಲಿ ನೂರಕ್ಕೆ ಸುಮಾರು 70 ಪಾಲು ಬೆಳೆಯುವ ನಮ್ಮವರು, ಪೈಪೋಟಿಯವರು ತಮ್ಮ ರೊಬಸ್ಟಾವನ್ನು ಹೇಗೆ ಕುಡಿಯುತ್ತಾರೆ, ಹೇಗೆ ಮಾರುತ್ತಾರೆ ಎಂದು ನೋಡುವುದಕ್ಕಾದರೂ ಹನೋಯ್‌ನ ಕಾಫಿ ಅಂಗಡಿಗಳಲ್ಲಿ ಅರ್ಧ ದಿನ ಕೂರಬೇಕು. ಲೋಟದ ಮೇಲಿಟ್ಟ ಪುಟ್ಟ 'ಫಿನ್'ನಿಂದ ಡಿಕಾಕ್ಷನ್ ಹನಿಹನಿಯಾಗಿ ಇಳಿಯುತ್ತದೆ, ಕೆಳಗೆ ಕಂಡೆನ್ಸ್ಡ್ ಮಿಲ್ಕ್ ಕಾದಿರುತ್ತದೆ. ಅದಕ್ಕೆ ಅಲ್ಲಿ 'ನೌ' ಎನ್ನುತ್ತಾರೆ, ಐಸ್ ಹಾಕಿದರೆ 'ನೌ ದಾ'. ಗಟ್ಟಿ ಕಹಿಯನ್ನು ಮುಚ್ಚಿಡುವ ಗೋಜಿಗೇ ಹೋಗದೆ ಅದನ್ನೇ ಮುಂದೆ ಮಾಡಿ ಮಾರುವ ಜಾಣತನ ನಮ್ಮ ಕೆಫೆಗಳಿಗೆ ಇನ್ನೂ ಪೂರ್ತಿ ಬಂದಿಲ್ಲ.

ಮೊಟ್ಟೆ ಕಾಫಿ ಹುಟ್ಟಿದ್ದು ಕೊರತೆಯಿಂದ. 1946ರಲ್ಲಿ ಹಾಲು ಸಿಗದ ದಿನಗಳಲ್ಲಿ ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸಕ್ಕಿದ್ದ ನುಯೆನ್ ವಾನ್ ಜಾಂಗ್, ಹಳದಿ ಲೋಳೆಯನ್ನು ಸಕ್ಕರೆಯೊಂದಿಗೆ ನೊರೆಯಾಗುವಂತೆ ಕಡೆದು ಕಾಫಿಯ ಮೇಲೆ ಹಾಕಿದರು. ಅವರ ಮನೆಯವರು ನಡೆಸುವ ಕೆಫೆ ಜಾಂಗ್ ಈಗ ನುಯೆನ್ ಹುವು ಹುವಾನ್ ಬೀದಿಯ 39ನೇ ನಂಬರಿನಲ್ಲಿದೆ. ಬಾಗಿಲು ಎಷ್ಟು ಇಕ್ಕಟ್ಟು ಎಂದರೆ ಎರಡು ಸಲ ದಾಟಿಹೋದರೂ ಕಾಣದು. ನೊರೆ ತಣ್ಣಗಾಗದಿರಲೆಂದು ಕಪ್ಪನ್ನು ಬಿಸಿನೀರಿನ ಬಟ್ಟಲಲ್ಲಿಟ್ಟು ಕೊಡುತ್ತಾರೆ. ಮೊಟ್ಟೆ ಪೂರ್ತಿ ಬೆಂದಿರುವುದಿಲ್ಲ ಎಂಬುದು ಗೊತ್ತಿರಲಿ. ಗರ್ಭಿಣಿಯರು, ಹೊಟ್ಟೆ ಸೂಕ್ಷ್ಮ ಇರುವವರು 'ನೌ' ಕುಡಿದರೆ ಸಾಕು.

ರಸ್ತೆ, ರೊಕ್ಕ, ಹೊತ್ತು

ರಸ್ತೆ ದಾಟುವುದನ್ನು ಗೈಡ್ ಜೊತೆಗಿರುವಾಗಲೇ ಕಲಿಯಿರಿ. ಬೈಕುಗಳ ಹೊಳೆ ನಿಲ್ಲುವುದಿಲ್ಲ. ನಿಧಾನವಾಗಿ, ಒಂದೇ ವೇಗದಲ್ಲಿ ನಡೆಯುತ್ತಾ ಹೋದರೆ ಅವೇ ನಿಮ್ಮನ್ನು ಸುತ್ತಿಕೊಂಡು ಹೋಗುತ್ತವೆ. ಹೆದರಿ ಓಡುವುದು, ನಡುವೆ ತಿರುಗಿ ಹಿಂದೆ ಬರುವುದು ಎರಡೂ ಅಪಾಯ. ಕಾರು, ಬಸ್ಸಿಗೆ ಮಾತ್ರ ಈ ಲೆಕ್ಕ ನಡೆಯದು, ಅವಕ್ಕೆ ದಾರಿ ಬಿಡಲೇಬೇಕು. ಅಲ್ಲಿ ವಾಹನ ಬಲಬದಿಯಲ್ಲಿ ಚಲಿಸುವುದರಿಂದ ಮೊದಲು ಎಡಕ್ಕೆ ನೋಡಿ.

ದುಡ್ಡಿನಲ್ಲಿ ಸೊನ್ನೆಗಳು ತಲೆ ತಿರುಗಿಸುತ್ತವೆ. ಒಂದು ರೂಪಾಯಿಗೆ ಸುಮಾರು 300 ಡೋಂಗ್, ಹಾಗಾಗಿ 30,000 ಡೋಂಗ್ ಎಂದರೆ ನೂರು ರೂಪಾಯಿಯ ಹತ್ತಿರ ಎಂದಿಟ್ಟುಕೊಂಡರೆ ಲೆಕ್ಕ ಸಲೀಸು. 20,000 ಮತ್ತು 5,00,000 ಡೋಂಗ್ ನೋಟುಗಳೆರಡೂ ನೀಲಿ. ಮಬ್ಬು ಬೆಳಕಲ್ಲಿ ಒಂದರ ಬದಲು ಇನ್ನೊಂದು ಕೊಟ್ಟವರು ಬಹಳ ಮಂದಿ, ದೊಡ್ಡ ನೋಟನ್ನು ಬೇರೆ ಕಿಸೆಯಲ್ಲಿಡಿ. ಬೀದಿಯಂಗಡಿಗೆ ನಗದೇ ಬೇಕು. ಓಡಾಟಕ್ಕೆ ಗ್ರ್ಯಾಬ್ ಆ್ಯಪ್ ಹಾಕಿಕೊಂಡರೆ ಚೌಕಾಸಿಯ ಕಾಟವಿಲ್ಲ. ವಿಮಾನ ನಿಲ್ದಾಣದಿಂದ ಊರೊಳಕ್ಕೆ 86ನೇ ನಂಬರಿನ ಬಸ್ಸಿದೆ. ವೀಸಾವನ್ನು ಅಲ್ಲಿನ ಸರ್ಕಾರದ ಅಧಿಕೃತ ಇ-ವೀಸಾ ತಾಣದಲ್ಲೇ ಮಾಡಿಸಿ. ಒಂದು ಪ್ರವೇಶಕ್ಕೆ 25 ಡಾಲರ್, 90 ದಿನದವರೆಗೆ ಸಿಗುತ್ತದೆ. ಅದೇ ಹೆಸರಿನ ನಕಲಿ ತಾಣಗಳು ಹೆಚ್ಚು ದುಡ್ಡು ಕೀಳುತ್ತವೆ.

ಅಂಗಡಿಯವರನ್ನು ಕರೆಯಲು ಅವರಲ್ಲೂ ಸಂಬಂಧದ ಮಾತುಗಳೇ: ಅಕ್ಕನ ವಯಸ್ಸಿನವರಿಗೆ 'ಚಿ ಒಯಿ', ಅಣ್ಣನಿಗೆ 'ಆನ್ ಒಯಿ', ಕಿರಿಯರಿಗೆ 'ಎಮ್ ಒಯಿ'. ಬಾಯಿ ತುಂಬ ಕರೆಯಿರಿ, ತಕ್ಷಣ ತಿರುಗಿ ನೋಡುತ್ತಾರೆ.

ತಿಂಡಿ ನಡಿಗೆ ಮುಟ್ಟದ ಎರಡು ಜಾಗಗಳಿಗೆ ಮಾರನೆಯ ಬೆಳಗು ಇಟ್ಟುಕೊಳ್ಳಿ. ಹೋ ಚಿ ಮಿನ್ ಸಮಾಧಿ ತೆರೆಯುವುದು ಬೆಳಗ್ಗೆ ಮಾತ್ರ, ಸೋಮವಾರ ಮತ್ತು ಶುಕ್ರವಾರ ರಜೆ. ಭುಜ, ಮಂಡಿ ಮುಚ್ಚುವ ಉಡುಪು ಬೇಕು. ವರ್ಷಕ್ಕೊಮ್ಮೆ ದುರಸ್ತಿಗೆಂದು ಕೆಲವು ವಾರ ಮುಚ್ಚುವುದರಿಂದ ಹೊರಡುವ ಮೊದಲು ವಿಚಾರಿಸಿ. ಅಲ್ಲಿಂದ 1070ರಲ್ಲಿ ಸ್ಥಾಪನೆಯಾದ ಸಾಹಿತ್ಯ ಮಂದಿರಕ್ಕೆ ಹೋಗಬಹುದು. ರಾಜರ ಕಾಲದ ಪರೀಕ್ಷೆಯಲ್ಲಿ ತೇರ್ಗಡೆಯಾದವರ ಹೆಸರು ಕೊರೆದ 82 ಶಿಲಾಫಲಕಗಳು ಕಲ್ಲಿನ ಆಮೆಗಳ ಬೆನ್ನ ಮೇಲೆ ನಿಂತಿವೆ. ಒಂದು ಲಕ್ಷ ಡೋಂಗ್ ನೋಟಿನ ಮೇಲಿರುವ ಚಿತ್ರವೂ ಈ ಆವರಣದ್ದೇ.

ಹೋಗಲು ಹೇಳಿ ಮಾಡಿಸಿದ ತಿಂಗಳುಗಳು ಅಕ್ಟೋಬರ್, ನವೆಂಬರ್. ಡಿಸೆಂಬರ್‌ನಿಂದ ಫೆಬ್ರುವರಿವರೆಗೆ ನಾವು ಅಂದುಕೊಳ್ಳುವುದಕ್ಕಿಂತ ಚಳಿ ಇರುತ್ತದೆ, ಸ್ವೆಟರ್ ಬೇಕು. ಮೇಯಿಂದ ಆಗಸ್ಟ್ ಬೇಗೆ ಮತ್ತು ಮಳೆ. ಆಗ ಬೆಳಗಿನ ನಡಿಗೆ ಬಿಟ್ಟರೆ ಬೇರೆ ದಾರಿಯಿಲ್ಲ. ಜನವರಿ ಕೊನೆಯಿಂದ ಫೆಬ್ರುವರಿ ನಡುಭಾಗದೊಳಗೆ ಬರುವ ಚಾಂದ್ರಮಾನ ಹೊಸವರ್ಷ 'ಟೆಟ್' ಯಾವಾಗ ಎಂದು ನೋಡಿಕೊಂಡೇ ಟಿಕೆಟ್ ತೆಗೆಯಿರಿ. ಹಬ್ಬಕ್ಕೆ ಮುಂಚಿನ ವಾರ ಊರು ಹೂವು, ಕುಮ್‌ಕ್ವಾಟ್ ಗಿಡಗಳಿಂದ ತುಂಬಿ ಚೆಂದ ಕಾಣುತ್ತದೆ. ಹಬ್ಬದ ದಿನಗಳಲ್ಲಿ ಬೀದಿಯಡುಗೆಯವರೆಲ್ಲ ತಮ್ಮ ಹಳ್ಳಿಗೆ ಹೊರಟುಹೋಗಿರುತ್ತಾರೆ, ಎಂಥ ಗೈಡ್ ಇದ್ದರೂ ತಿನ್ನಿಸಲು ಅವನ ಬಳಿ ಅಂಗಡಿ ಇರುವುದಿಲ್ಲ.